ದಾವೆ ಬಿಟ್ಟರೂ ಹಕ್ಕು ಬಿಡದೆ

ಕೋರ್ಟು ಮೆಟ್ಟಿಲು ಹತ್ತುವುದು ಕಷ್ಟ ಎಂದು ಎಲ್ಲರೂ ಹೇಳುತ್ತಾರೆ. ಹತ್ತಿದವರಿಗೆ ಇಳಿಯುವುದು ಇನ್ನೂ ಕಷ್ಟ ಎಂಬುದು ತಾಲ್ಲೂಕು ನ್ಯಾಯಾಲಯದಲ್ಲಿ ವಕೀಲಿಕೆ ಮಾಡುತ್ತ ನನಗೆ ನಿಧಾನವಾಗಿ ಅರ್ಥವಾಯಿತು. ದಾವೆ ಹೂಡುವ ದಿನ ಮನುಷ್ಯನಲ್ಲಿ ಸಿಟ್ಟಿರುತ್ತದೆ, ನಂಬಿಕೆಯಿರುತ್ತದೆ, ಬೆನ್ನಿಗೆ ನೆಂಟರಿಷ್ಟರಿರುತ್ತಾರೆ. ಅದನ್ನೇ ಹಿಂದಕ್ಕೆ ಪಡೆಯಬೇಕಾಗಿ ಬಂದಾಗ ಅವನು ಒಬ್ಬಂಟಿ. ಊರಿನವರಿಗೆ ಏನು ಹೇಳುವುದು, ಎದುರಾಳಿ ಏನೆಂದು ಹೇಳಿಕೊಂಡು ತಿರುಗುತ್ತಾನೆ, ಇಷ್ಟು ವರ್ಷ ಸುರಿದ ದುಡ್ಡಿನ ಗತಿಯೇನು ಎಂಬ ಯೋಚನೆಯಲ್ಲೇ ಅವನು ಸೊರಗುತ್ತಾನೆ. ಹಾಗಾಗಿ ಎಷ್ಟೋ ಜನ, ದಾವೆ ನಿಲ್ಲುವುದಿಲ್ಲವೆಂದು ಗೊತ್ತಿದ್ದೂ ಅದನ್ನು ಕೊನೆಯ ತನಕ ಎಳೆದು ಸೋಲುತ್ತಾರೆ. ಇನ್ನು ಕೆಲವರು ಬೇಸತ್ತು ಒಂದು ಸಾಲಿನ ಮೆಮೊ ಕೊಟ್ಟು ಕೈತೊಳೆದುಕೊಳ್ಳುತ್ತಾರೆ. ಇವೆರಡರ ನಡುವೆ ಕಾನೂನು ಮೂರನೆಯದೊಂದು ದಾರಿ ಇಟ್ಟಿದೆ. ದಾವೆಯನ್ನು ಬಿಡುತ್ತೇನೆ, ಹಕ್ಕನ್ನು ಬಿಡುವುದಿಲ್ಲ ಎಂದು ನ್ಯಾಯಾಲಯಕ್ಕೆ ಹೇಳಿ, ಅದರ ಒಪ್ಪಿಗೆ ಪಡೆದು ಹೊರಬರುವ ದಾರಿ ಅದು. ಈ ದಾರಿ ಹಿಡಿಯುವವನಿಗೆ ಕಾನೂನಿನ ತಿಳಿವಳಿಕೆಯ ಜೊತೆಗೆ ತನ್ನನ್ನು ತಾನು ನೋಡಿಕೊಳ್ಳುವ ಧೈರ್ಯವೂ ಬೇಕು.

1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶದ 1ನೇ ನಿಯಮ ಇದರ ಮೂಲ. ವಾದಿ ತಾನು ಹೂಡಿದ ದಾವೆಯನ್ನು ಯಾವ ಹಂತದಲ್ಲಾದರೂ ಕೈಬಿಡಬಹುದು. ಅಪ್ರಾಪ್ತರ ಪರವಾಗಿ ಹೂಡಿದಂಥ ಕೆಲವು ದಾವೆಗಳನ್ನು ಬಿಟ್ಟರೆ ಅದಕ್ಕೆ ಯಾರ ಅಪ್ಪಣೆಯೂ ಬೇಡ. ಆದರೆ ಹಾಗೆ ಸುಮ್ಮನೆ ಬಿಟ್ಟವನು ಅದೇ ವಿಷಯದ ಮೇಲೆ ಮತ್ತೆ ದಾವೆ ಹೂಡುವಂತಿಲ್ಲ. ನ್ಯಾಯಾಲಯ ಹೇಳಿದ ಖರ್ಚನ್ನೂ ಕೊಡಬೇಕು. ಮತ್ತೆ ಬರುವ ಅವಕಾಶ ಉಳಿಯಬೇಕಾದರೆ ಮೊದಲೇ ಅನುಮತಿ ಕೇಳಬೇಕು. ಆ ಅನುಮತಿಗೆ ಎರಡು ಆಧಾರಗಳಿವೆ. ಒಂದು, ರೂಪದ ಕೊರತೆಯಿಂದಾಗಿ ದಾವೆ ಬಿದ್ದೇಹೋಗುತ್ತದೆ ಎಂಬುದು. ಇನ್ನೊಂದು, ಹೊಸದಾಗಿ ದಾವೆ ಹೂಡಲು ಬಿಡುವುದಕ್ಕೆ ಬೇರೆ ಸಾಕಷ್ಟು ಕಾರಣ ಇದೆ ಎಂಬುದು. ಇವುಗಳಲ್ಲಿ ಒಂದಾದರೂ ಮನದಟ್ಟಾದರೆ ಮಾತ್ರ, ತನಗೆ ಸರಿಕಂಡ ಷರತ್ತು ಹಾಕಿ, ನ್ಯಾಯಾಲಯ ಅನುಮತಿ ಕೊಡಬಹುದು. ವಾದಿಗಳು ಹಲವರಿದ್ದರೆ ಉಳಿದವರ ಒಪ್ಪಿಗೆಯಿಲ್ಲದೆ ಒಬ್ಬ ಹಿಂದೆ ಸರಿಯುವಂತಿಲ್ಲ.

ನಿಯಮ ಓದಲು ಇಷ್ಟೇ. ಅದರ ತೂಕ ಗೊತ್ತಾಗುವುದು ಕಕ್ಷಿದಾರ ಎದುರಿಗೆ ಕೂತಾಗ. ನನ್ನ ಬಳಿಗೆ ಒಬ್ಬ ಹಿರಿಯ ರೈತರು ನಡೆಯುತ್ತಿದ್ದ ದಾವೆಯೊಂದನ್ನು ತಂದರು. ಪಕ್ಕದ ಜಮೀನಿನವನು ಒತ್ತುವರಿ ಮಾಡುತ್ತಾನೆ, ಅವನನ್ನು ತಡೆಯಿರಿ ಎಂದು ಕೋರಿದ ಬರೀ ಇಂಜಂಕ್ಷನ್ ದಾವೆ ಅದು. ಹೂಡಿದ ದಿನ ಆ ಕೋರಿಕೆಯಲ್ಲಿ ಏನೂ ಕೊರತೆಯಿರಲಿಲ್ಲ. ಜಗಳ ಇದ್ದದ್ದು ಬದುವಿನದು. ಆದರೆ ಪ್ರತಿವಾದಿ ತನ್ನ ಲಿಖಿತ ಹೇಳಿಕೆಯಲ್ಲಿ ಒಂದು ಕ್ರಯಪತ್ರ ಮುಂದಿಟ್ಟು, ಈ ಜಮೀನೇ ನನ್ನದು ಎಂದುಬಿಟ್ಟ. ಜಗಳ ಬದುವಿನಿಂದ ಮಾಲೀಕತ್ವಕ್ಕೆ ಏರಿತು. ಮಾಲೀಕತ್ವದ ಮೇಲೆ ಮೋಡ ಕವಿದಾಗ ಬರೀ ಇಂಜಂಕ್ಷನ್ ಕೇಳಿದರೆ ಸಾಲದು, ಘೋಷಣೆಯನ್ನೂ ಕೇಳಬೇಕು ಎಂದು ಸುಪ್ರೀಂ ಕೋರ್ಟ್ 2008ರಲ್ಲಿ ಅನತುಲ ಸುಧಾಕರ್ ಪ್ರಕರಣದಲ್ಲಿ ಸ್ಪಷ್ಟವಾಗಿ ಹೇಳಿದೆ. ಸಾಲದ್ದಕ್ಕೆ ದಾವೆಯ ಆಸ್ತಿ ವಿವರದಲ್ಲಿದ್ದದ್ದು ಪೋಡಿಗೆ ಮುಂಚಿನ ಸರ್ವೆ ನಂಬರ್. ಹೊಸ ಹಿಸ್ಸಾ ನಂಬರಿಗೂ ಅದಕ್ಕೂ ತಾಳೆಯಾಗುತ್ತಿರಲಿಲ್ಲ, ಉತ್ತರದ ಚೆಕ್ಕುಬಂದಿಯೂ ಬದಲಾಗಿತ್ತು. ವಾದಪತ್ರ ತಿದ್ದೋಣವೆಂದರೆ ವಿಚಾರಣೆ ಆಗಲೇ ಶುರುವಾಗಿತ್ತು. ವಿಚಾರಣೆ ಶುರುವಾದ ಮೇಲೆ ತಿದ್ದುಪಡಿ ಬೇಕಾದರೆ, ಎಷ್ಟು ಎಚ್ಚರ ವಹಿಸಿದ್ದರೂ ಇದನ್ನು ಮೊದಲೇ ಕೇಳಲಾಗುತ್ತಿರಲಿಲ್ಲ ಎಂದು ತೋರಿಸಬೇಕು. ಕ್ರಯಪತ್ರದ ಸಂಗತಿ ತಿಳಿದೇ ಎಷ್ಟೋ ವಾಯಿದೆಗಳು ಕಳೆದಿದ್ದವು.

ದಾವೆ ಹಿಂದಕ್ಕೆ ಪಡೆದು ಸರಿಯಾದ ದಾವೆ ಹೂಡೋಣ ಎಂದಾಗ ಅವರ ಮುಖ ಬಾಡಿತು.

“ವಾಪಸ್ ತಗೊಂಡ್ರೆ ಸೋತಂಗೆ ಅಲ್ವಾ ಸಾರ್? ನಾಳೆ ಅವ್ನು ಊರೆಲ್ಲಾ ಹೇಳ್ಕೊಂಡು ಬತ್ತಾನೆ.”

“ಜಮೀನು ಬಿಡಿ ಅಂತ ನಾನು ಹೇಳ್ತಿಲ್ಲ ಯಜಮಾನ್ರೇ. ಈ ದಾವೆ ಬಿಡೋಣ ಅಂತ ಹೇಳ್ತಿದ್ದೀನಿ.”

ಅವರು ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ತಮ್ಮ ಲೆಕ್ಕದಲ್ಲಿ ತಾವೇ ಹೇಳಿದರು: “ಮೊಳಕೆ ಬರ್ದಿದ್ ಹೊಲಾನ ಹರಗಿ ಮತ್ತೆ ಬಿತ್ತೋ ಹಂಗೆ ಅನ್ನಿ. ಹಂಗಾರೆ ಹದ ಆರೋಕ್ ಮುಂಚೆ ಬಿತ್ಬೇಕು.”

ಆ ಒಂದು ಮಾತಿನಲ್ಲಿ ಅವರು ನಿಯಮದ ಅರ್ಧ ಭಾಗವನ್ನೂ ಕಾಲಮಿತಿ ಕಾಯ್ದೆಯ ಸಾರವನ್ನೂ ಹೇಳಿಬಿಟ್ಟಿದ್ದರು. ಉಳಿದರ್ಧ ನನಗೆ ಮನವರಿಕೆಯಾದದ್ದು ಅರ್ಜಿಯ ಪ್ರಮಾಣಪತ್ರ ಬರೆಯಲು ಕೂತಾಗ.

ನ್ಯಾಯಾಲಯದಲ್ಲಿ ನಾವು ಬರೆಯುವುದೆಲ್ಲ ನಮ್ಮ ಬಲವನ್ನು ತೋರಿಸಲು. ನಮ್ಮ ದಾಖಲೆ ಗಟ್ಟಿ, ನಮ್ಮ ಸಾಕ್ಷಿ ಸಾಚಾ, ಎದುರಾಳಿಯದೇ ಸುಳ್ಳು ಎಂದು ಬರೆದೂ ಬರೆದೂ ಕೈ ಪಳಗಿರುತ್ತದೆ. ಈ ಅರ್ಜಿಯಲ್ಲಿ ಮಾತ್ರ ಬರೆಯಬೇಕಾದ್ದು ನಮ್ಮ ದಾವೆಯ ಕೊರತೆಯನ್ನು, ಅದೂ ಬಿಡಿಸಿ ಬಿಡಿಸಿ. ‘ಅನಿವಾರ್ಯ ಕಾರಣಗಳಿಂದ’ ಎಂದೋ ‘ಕೆಲವು ತಾಂತ್ರಿಕ ತೊಂದರೆಗಳಿಂದ’ ಎಂದೋ ಬರೆದರೆ ನ್ಯಾಯಾಧೀಶರು ಅರ್ಜಿಯನ್ನು ಪಕ್ಕಕ್ಕೆ ಸರಿಸುತ್ತಾರೆ, ಸರಿಸಬೇಕು ಕೂಡ. ನಿಯಮ ಕೇಳುವುದು ಖಚಿತವಾದ ಉತ್ತರ: ಕೊರತೆ ಯಾವುದು, ಎಲ್ಲಿದೆ, ಅದರಿಂದ ದಾವೆ ಏಕೆ ಬೀಳುತ್ತದೆ. ನಾವು ಹೀಗೆ ಬರೆದೆವು: ಆಸ್ತಿ ವಿವರದಲ್ಲಿ ಹಳೆಯ ಸರ್ವೆ ನಂಬರ್ ಇದೆ, ಉತ್ತರದ ಚೆಕ್ಕುಬಂದಿ ಈಗಿನ ನಕ್ಷೆಗೆ ಹೊಂದುವುದಿಲ್ಲ, ಪ್ರತಿವಾದಿ ಮಾಲೀಕತ್ವವನ್ನೇ ಅಲ್ಲಗಳೆದಿರುವುದರಿಂದ ಘೋಷಣೆ ಕೇಳದ ಈ ದಾವೆ ಪೂರ್ಣವಲ್ಲ. ಮಗ ಓದಿ ಹೇಳಿದಾಗ ಯಜಮಾನರು ಹೌಹಾರಿದರು. ನಮ್ಮ ತಪ್ಪನ್ನು ನಾವೇ ಬರೆದು ಅವನ ಕೈಗೆ ಕೊಡುವುದೇ ಎಂಬುದು ಅವರ ದಿಗಿಲು. ಆ ದಿಗಿಲು ಸಹಜ. ಆದರೆ ಇಲ್ಲಿ ನಿಯಮದ ನಡೆಯೇ ಬೇರೆ. ಮೊದಲ ಸಲ ಎಲ್ಲಿ ಎಡವಿತು ಎಂದು ಬಿಡಿಸಿ ಹೇಳಬಲ್ಲವನಿಗೆ ಅದು ಎರಡನೆಯ ಅವಕಾಶ ಕೊಡುತ್ತದೆ. ಹೇಳಲಾಗದವನಿಗೆ ಬಿಟ್ಟುಹೋಗುವ ಸ್ವಾತಂತ್ರ್ಯ ಮಾತ್ರ ಇದೆ, ಮರಳುವ ಸ್ವಾತಂತ್ರ್ಯ ಇಲ್ಲ.

ಅರ್ಜಿ ಮುಂದೆ ಬಂದ ದಿನ ನ್ಯಾಯಾಧೀಶರು ಕೇಳಿದ್ದು ಒಂದೇ ಪ್ರಶ್ನೆ: ಈ ಕೊರತೆ ದಾವೆಯ ರೂಪದ್ದೋ, ನಿಮ್ಮ ಹಕ್ಕಿನದ್ದೋ? ಆ ಪ್ರಶ್ನೆಯನ್ನು ನಾನು ಈಗಲೂ ಬಹಳ ಸಲ ನೆನೆಯುತ್ತೇನೆ. ಸರ್ವೆ ನಂಬರ್ ತಪ್ಪು, ಕೊಡಬೇಕಾದ ನೋಟಿಸ್ ಕೊಟ್ಟಿಲ್ಲ, ಸೇರಿಸಬೇಕಾದವರನ್ನು ಸೇರಿಸಿಲ್ಲ, ಕೋರ್ಟು ಫೀ ಸಾಲದು ಎಂಬಂಥವು ರೂಪದ ಕೊರತೆಗಳು. ಜಮೀನು ನನ್ನದೆನ್ನಲು ನನ್ನ ಬಳಿ ಏನೂ ಇಲ್ಲ, ನನ್ನ ಸಾಕ್ಷಿ ಪಾಟೀಸವಾಲಿನಲ್ಲಿ ಕುಸಿದ, ಹಾಗಾಗಿ ಇನ್ನೊಂದು ಸಲ ನೋಡೋಣ ಎನ್ನುವುದು ರೂಪದ ಮಾತಲ್ಲ. ಪುರಾವೆಯ ತೂತು ಮುಚ್ಚಿಕೊಳ್ಳಲು ಈ ನಿಯಮ ಇಲ್ಲ. ಈ ಗೆರೆಯನ್ನು ನ್ಯಾಯಾಲಯ ಎಳೆಯುವ ಮುಂಚೆ ಕಕ್ಷಿದಾರನೇ ತನ್ನೊಳಗೆ ಎಳೆದುಕೊಳ್ಳಬೇಕು. ನಾನು ಕೇಳಿದ ರೀತಿ ತಪ್ಪೋ, ಕೇಳಿದ್ದೇ ತಪ್ಪೋ? ದಾವೆಯ ಬಿಸಿಯಲ್ಲಿದ್ದಷ್ಟು ದಿನ ಈ ಎರಡು ಒಂದಕ್ಕೊಂದು ಅಂಟಿಕೊಂಡಿರುತ್ತವೆ. ನನ್ನ ದಾವೆ ಎಂದರೆ ನನ್ನ ಮರ್ಯಾದೆ, ನನ್ನ ದಾವೆ ಎಂದರೆ ನನ್ನ ಸತ್ಯ. ಹಿಂದೆ ಸರಿಯಬೇಕಾದ ಗಳಿಗೆಯಲ್ಲಿ ಮಾತ್ರ ಮನುಷ್ಯ ಇವನ್ನು ಬೇರ್ಪಡಿಸಿ ನೋಡಬೇಕಾಗುತ್ತದೆ. ಹಾಗೆ ನೋಡಿದವರಲ್ಲಿ ಕೆಲವರು ಹೊಸ ದಾವೆ ಬೇಡವೆಂದು ಎದ್ದುಹೋದದ್ದನ್ನೂ ಕಂಡಿದ್ದೇನೆ. ಕೊರತೆ ಹಕ್ಕಿನಲ್ಲೇ ಇದೆ ಎಂದು ಅವರಿಗೆ ತಿಳಿದಿತ್ತು. ಹಾಗೆ ತಿಳಿದು ಬಿಟ್ಟವರ ಮನಸ್ಸು ಆಮೇಲೆ ಹಗುರಾಗಿತ್ತು.

ಪ್ರತಿವಾದಿಯ ವಕೀಲರು ತಕರಾರು ಹಾಕಿದರು. ಅವರ ಮಾತಿನಲ್ಲಿ ಹುರುಳಿತ್ತು. ನಮ್ಮ ಕಕ್ಷಿದಾರ ಇಷ್ಟು ವರ್ಷ ಕೂಲಿ ಬಿಟ್ಟು ಬಸ್ ಹಿಡಿದು ಪ್ರತಿ ವಾಯಿದೆಗೆ ಬಂದಿದ್ದಾನೆ, ನಮ್ಮ ವಾದವನ್ನೆಲ್ಲ ತೆರೆದಿಟ್ಟಿದ್ದೇವೆ, ಅದನ್ನು ಕೇಳಿಸಿಕೊಂಡ ಮೇಲೆ ಮೊದಲಿಂದ ಶುರು ಮಾಡುತ್ತೇನೆಂದರೆ ಇದಕ್ಕೆ ಕೊನೆಯೆಲ್ಲಿ ಎಂದು ಕೇಳಿದರು. ನಾನೂ ಎಷ್ಟೋ ಪ್ರಕರಣಗಳಲ್ಲಿ ಪ್ರತಿವಾದಿಗಳ ಪರ ನಿಂತವನು. ಒಂದೇ ಜಗಳಕ್ಕೆ ಎರಡು ಸಲ ಉತ್ತರ ಕೊಡಬೇಕಾದವನ ಸುಸ್ತು ನನಗೆ ಗೊತ್ತು. ಜಗಳ ಎಂದಾದರೂ ಮುಗಿಯಬೇಕು ಎಂಬ ಆಸೆಗೂ ಕಾನೂನಿನಲ್ಲಿ ಬೆಲೆಯಿದೆ. ಅದಕ್ಕೇ ಈ ಅನುಮತಿ ಪುಕ್ಕಟೆ ಅಲ್ಲ. ಕೆಳಗಿನ ನ್ಯಾಯಾಲಯದಲ್ಲಿ ಸೋತು ಮೇಲ್ಮನವಿಯ ಹಂತದಲ್ಲಿ ಇಂಥ ಅನುಮತಿ ಕೇಳಿದರೆ ಇನ್ನಷ್ಟು ಎಚ್ಚರದಿಂದ ನೋಡಬೇಕು, ಏಕೆಂದರೆ ಆಗ ಎದುರಾಳಿಯ ಕೈಯಲ್ಲಿ ಒಂದು ತೀರ್ಪೇ ಇರುತ್ತದೆ. ಸುಪ್ರೀಂ ಕೋರ್ಟ್ 2000ನೇ ಇಸವಿಯ ಕೆ. ಎಸ್. ಭೂಪತಿ ಪ್ರಕರಣದಲ್ಲಿ ಈ ಎಚ್ಚರವನ್ನು ಒತ್ತಿ ಹೇಳಿತು. ನಮ್ಮ ಅರ್ಜಿಗೆ ಅನುಮತಿ ಸಿಕ್ಕಿತು. ಪ್ರತಿವಾದಿಗೆ ಖರ್ಚು ಕೊಟ್ಟ ಮೇಲೆಯೇ ಹೊಸ ದಾವೆ ಎಂಬ ಷರತ್ತೂ ಅದರ ಜೊತೆಗೆ ಬಂತು. ಯಜಮಾನರಿಗೆ ಅದು ದಂಡದಂತೆ ಕಂಡಿತು. ಅವನ ಅಷ್ಟು ವರ್ಷದ ಓಡಾಟಕ್ಕೆ ನಾವು ಕೊಡಬೇಕಾದ್ದು ಇದು ಎಂದು ಹೇಳಿದೆ. ಹಣ ಎಣಿಸಿ ಕೊಟ್ಟು ರಸೀದಿ ಪಡೆದೆವು.

ಅನುಮತಿ ಕೇಳುವವರು ಇನ್ನೊಂದು ಸಂಗತಿಯಲ್ಲಿ ಎಡವುತ್ತಾರೆ. ಹಿಂದೆ ಸರಿಯುವುದು, ಮರಳುವ ಸ್ವಾತಂತ್ರ್ಯ ಇವೆರಡೂ ಒಂದೇ ಕೋರಿಕೆಯಾಗಿ ಇರಬೇಕು. ಹಾಗೆ ಕೇಳಿದ ಅರ್ಜಿಯನ್ನು ಒಪ್ಪುವುದಾದರೆ ಪೂರ್ತಿ ಒಪ್ಪಬೇಕು, ಇಲ್ಲವಾದರೆ ಪೂರ್ತಿ ತಿರಸ್ಕರಿಸಿ ದಾವೆ ಮುಂದುವರಿಸಬೇಕು. ಅರ್ಧ ಒಪ್ಪಿ ದಾವೆಯನ್ನು ವಜಾ ಮಾಡಿ, ಇನ್ನರ್ಧವನ್ನು ತಿರಸ್ಕರಿಸಿ ವಾದಿಯನ್ನು ನಡುನೀರಿನಲ್ಲಿ ಕೈಬಿಡುವಂತಿಲ್ಲ ಎಂದು ಹಲವು ಹೈಕೋರ್ಟುಗಳು ಹೇಳಿವೆ. ಬೇಸರದಲ್ಲಿ ಮೆಮೊ ಕೊಟ್ಟು ಬಂದು, ಮಾರನೆಯ ದಿನ ಸ್ವಾತಂತ್ರ್ಯದ ಮಾತೆತ್ತಿದರೆ ಕೇಳುವವರಿಲ್ಲ. ಆರ್ಡರ್ ಶೀಟಿನಲ್ಲಿ ಬರೆದದ್ದಷ್ಟೇ ಉಳಿಯುತ್ತದೆ. ಮನಸ್ಸಿನಲ್ಲಿ ಇಟ್ಟುಕೊಂಡದ್ದಕ್ಕೆ ನಕಲು ಸಿಗುವುದಿಲ್ಲ.

ಉಳಿಸಿಕೊಳ್ಳುವುದರಲ್ಲೂ ಏನನ್ನು ಉಳಿಸಿಕೊಳ್ಳುತ್ತಿದ್ದೇವೆ ಎಂಬುದು ಸ್ಪಷ್ಟವಿರಬೇಕು. 1986ರ ಸರ್ಗುಜಾ ಟ್ರಾನ್ಸ್‌ಪೋರ್ಟ್ ಸರ್ವಿಸ್ ಪ್ರಕರಣ ಇದನ್ನು ಚೆನ್ನಾಗಿ ತೋರಿಸುತ್ತದೆ. ಹೈಕೋರ್ಟಿನಲ್ಲಿ ಹಾಕಿದ ರಿಟ್ ಅರ್ಜಿಯನ್ನು, ಮತ್ತೆ ಹಾಕುವ ಅನುಮತಿ ಪಡೆಯದೆ ಹಿಂತೆಗೆದುಕೊಂಡು, ಆಮೇಲೆ ಅದೇ ವಿಷಯಕ್ಕೆ ಇನ್ನೊಂದು ರಿಟ್ ಹಾಕಬಹುದೇ ಎಂಬುದು ಅಲ್ಲಿನ ಪ್ರಶ್ನೆ. ತೀರ್ಪು ಬರೆದವರು ನಮ್ಮ ಮಂಡ್ಯ ಸೀಮೆಯಿಂದ ಹೋಗಿ 1989ರಲ್ಲಿ ಭಾರತದ ಮುಖ್ಯ ನ್ಯಾಯಮೂರ್ತಿಯಾದ ಇ. ಎಸ್. ವೆಂಕಟರಾಮಯ್ಯನವರು. ತನಗೆ ಅನುಕೂಲವಾದ ಪೀಠ ಸಿಗುವವರೆಗೆ ಅರ್ಜಿ ಹಾಕುವುದು, ಹಿಂತೆಗೆಯುವುದು, ಮತ್ತೆ ಹಾಕುವುದು ನಡೆಯಬಾರದು ಎಂಬ ಸಾರ್ವಜನಿಕ ಹಿತದ ಕಾರಣಕ್ಕೆ, 23ನೇ ಆದೇಶದ ತತ್ವವನ್ನು ಅವರು ರಿಟ್ ಅರ್ಜಿಗಳಿಗೂ ಅನ್ವಯಿಸಿದರು. ಹಾಗೆಂದು ಎಲ್ಲವನ್ನೂ ಮುಚ್ಚಲಿಲ್ಲ. ಸಂವಿಧಾನದ 226ನೇ ವಿಧಿಯ ಆ ಪರಿಹಾರವನ್ನು ಬಿಟ್ಟಂತೆ ಆಯಿತೇ ಹೊರತು, ಸಿವಿಲ್ ದಾವೆಯಂಥ ಬೇರೆ ಪರಿಹಾರಗಳಿಗೆ ಅದು ಅಡ್ಡಿಯಾಗದಿರಬಹುದು ಎಂದರು. ವ್ಯಕ್ತಿಯ ಬಿಡುಗಡೆಗಾಗಿ ಹಾಕುವ ಹೇಬಿಯಸ್ ಕಾರ್ಪಸ್ ಅರ್ಜಿಯನ್ನು ಈ ತತ್ವದಿಂದ ಹೊರಗಿಟ್ಟರು. ಹಟ ಮಾಡಿ ಒಂದೇ ಕಡೆ ಮತ್ತೆ ಮತ್ತೆ ಬರುವವನನ್ನು ತಡೆಯುತ್ತ, ನ್ಯಾಯ ಹುಡುಕುತ್ತ ಬೇರೆ ಕಡೆ ಹೋಗುವವನಿಗೆ ದಾರಿ ಬಿಟ್ಟ ಆ ಸಮತೂಕ ನನಗೆ ಬಹಳ ಹಿಡಿಸುತ್ತದೆ.

ಬೇರೆ ಪರಿಹಾರ ಎಂಬುದು ಬರೀ ಪುಸ್ತಕದ ಮಾತಲ್ಲ. ಯಜಮಾನರ ಪ್ರಕರಣದಲ್ಲೇ ಅದು ಮುಖ್ಯವಾಗಿತ್ತು. ಆ ಕ್ರಯಪತ್ರದ ಆಧಾರದ ಮೇಲೆ ಪಹಣಿಯಲ್ಲಿ ಪ್ರತಿವಾದಿಯ ಹೆಸರು ಬಂದಿತ್ತು. ಕರ್ನಾಟಕ ಭೂ ಕಂದಾಯ ಕಾಯ್ದೆಯ 136ನೇ ಕಲಮಿನಡಿ ಉಪವಿಭಾಗಾಧಿಕಾರಿಗಳ ಮುಂದೆ ಮೇಲ್ಮನವಿ ಬಾಕಿಯಿತ್ತು. ದಾವೆ ಹಿಂತೆಗೆದರೆ ಅಲ್ಲಿ ಎದುರಾಳಿ ಏನು ಹೇಳುತ್ತಾನೆಂದು ಊಹಿಸುವುದು ಕಷ್ಟವಿರಲಿಲ್ಲ: ನೋಡಿ ಸ್ವಾಮಿ, ಅವರೇ ಕೈಬಿಟ್ಟಿದ್ದಾರೆ. ಅದಕ್ಕಾಗಿ ಪ್ರಮಾಣಪತ್ರದಲ್ಲೇ ಎರಡು ಸಾಲು ಸೇರಿಸಿದೆವು. ಈ ಹಿಂತೆಗೆತ ಕ್ರಯಪತ್ರವನ್ನು ಒಪ್ಪಿಕೊಂಡಂತೆ ಅಲ್ಲ, ಕಂದಾಯ ಮೇಲ್ಮನವಿಯ ಹಕ್ಕನ್ನು ಬಿಟ್ಟಂತೆಯೂ ಅಲ್ಲ ಎಂದು. ಕಾನೂನೇ ಇಂಥ ದಾಟನ್ನು ಮುಂಗಂಡು ಬರೆದ ಕಡೆಗಳೂ ಇವೆ. 2016ರ ರೇರಾ ಕಾಯ್ದೆ ಬಂದಾಗ, ಮನೆ ಕೊಂಡು ಮೋಸಹೋದೆವೆಂದು ಅದಾಗಲೇ ಗ್ರಾಹಕ ವೇದಿಕೆಗೆ ದೂರು ಕೊಟ್ಟಿದ್ದವರು, ವೇದಿಕೆಯ ಅನುಮತಿ ಪಡೆದು ದೂರು ಹಿಂತೆಗೆದು ರೇರಾದ ನ್ಯಾಯನಿರ್ಣಯ ಅಧಿಕಾರಿಯ ಮುಂದೆ ಹೋಗಬಹುದೆಂದು 71ನೇ ಕಲಮು ಅವಕಾಶ ಕೊಟ್ಟಿತು. ಅಲ್ಲೂ ಕ್ರಮ ಅದೇ. ಮೊದಲು ಅನುಮತಿ, ಆಮೇಲೆ ಹಿಂತೆಗೆತ, ಅದಾದ ಮೇಲೆ ಹೊಸ ಬಾಗಿಲು.

ಪಾಲುದಾವೆಯ ಸ್ವಭಾವ ಇನ್ನೂ ಬೇರೆ. ಆಸ್ತಿ ಒಟ್ಟಾಗಿ ಇರುವಷ್ಟು ಕಾಲ ಪಾಲು ಕೇಳುವ ಹಕ್ಕು ದಿನದಿನವೂ ಹೊಸದಾಗಿ ಹುಟ್ಟುತ್ತಿರುತ್ತದೆ. ಹಾಗಾಗಿ ಅಣ್ಣತಮ್ಮಂದಿರ ಮಾತಿಗೆ ಕಟ್ಟುಬಿದ್ದು ಒಮ್ಮೆ ಪಾಲುದಾವೆ ಹಿಂತೆಗೆದ ಹೆಣ್ಣುಮಗಳು, ಮಾತು ತಪ್ಪಿದಾಗ ಮತ್ತೆ ಕೇಳಲಾರಳು ಎಂದೇನಿಲ್ಲ. ತವರಿನ ಸಂಬಂಧ ಉಳಿಯಲಿ ಎಂದು ಹಿಂದೆ ಸರಿದವಳ ಮೇಲೆ ಕಾನೂನು ಇಷ್ಟು ಕರುಣೆ ಇಟ್ಟಿದೆ. ಆದರೆ ಈ ಕರುಣೆಯನ್ನೇ ನಂಬಿ, ಅನುಮತಿಯ ಮಾತೇ ಎತ್ತದೆ ಮೆಮೊಗೆ ಹೆಬ್ಬೆಟ್ಟು ಒತ್ತುವುದು ಬೇಡ ಎಂದು ನಾನು ಪ್ರತಿ ಹೆಣ್ಣುಮಗಳಿಗೂ ಹೇಳುತ್ತೇನೆ.

ಇಷ್ಟೆಲ್ಲ ಉಳಿಸಿಕೊಂಡರೂ ಉಳಿಸಿಕೊಳ್ಳಲಾಗದ್ದು ಕಾಲ. 23ನೇ ಆದೇಶದ 2ನೇ ನಿಯಮ ಖಡಾಖಂಡಿತವಾಗಿದೆ. ಅನುಮತಿ ಪಡೆದು ಹೂಡುವ ಹೊಸ ದಾವೆಗೂ, ಹಳೆಯ ದಾವೆ ಇರಲೇ ಇಲ್ಲ ಎಂಬಂತೆ ಕಾಲಮಿತಿ ಲೆಕ್ಕ ಹಾಕಬೇಕು. ಘೋಷಣೆ ಕೇಳಲು, ಹಕ್ಕು ಮೊದಲು ಹುಟ್ಟಿದ ದಿನದಿಂದ 3 ವರ್ಷ. ಮಾಲೀಕತ್ವದ ಆಧಾರದ ಮೇಲೆ ಸ್ವಾಧೀನ ಕೇಳಲು, ಎದುರಾಳಿಯ ಸ್ವಾಧೀನ ಪ್ರತಿಕೂಲವಾದ ದಿನದಿಂದ 12 ವರ್ಷ. ಅಧಿಕಾರವ್ಯಾಪ್ತಿ ಇಲ್ಲದ ನ್ಯಾಯಾಲಯದಲ್ಲಿ ಪ್ರಾಮಾಣಿಕವಾಗಿ, ಎಚ್ಚರದಿಂದ ಹೋರಾಡಿದ ಕಾಲವನ್ನು 1963ರ ಕಾಲಮಿತಿ ಕಾಯ್ದೆಯ 14ನೇ ಕಲಮು ಲೆಕ್ಕದಿಂದ ಬಿಡುತ್ತದೆ, ಅಂಥದೇ ಕಾರಣಗಳಿಗೂ ಅದು ಅನ್ವಯಿಸುತ್ತದೆ; ಎಲ್ಲ ಕೊರತೆಗಳಿಗೂ ಅಲ್ಲ. ಹೊಸ ದಾವೆ ಹೂಡಲು ಸ್ವಾತಂತ್ರ್ಯವಿದೆ ಎಂದು ನ್ಯಾಯಾಧೀಶರು ಬರೆದ ಮಾತ್ರಕ್ಕೆ ತೀರಿಹೋದ ಕಾಲ ಮರಳುವುದಿಲ್ಲ. ಪ್ರತಿವಾದಿ ಮಾಲೀಕತ್ವ ಅಲ್ಲಗಳೆದ ದಿನದಿಂದ 3 ವರ್ಷ ಆಗಿರಲಿಲ್ಲ ಎಂಬುದನ್ನು ಲಿಖಿತ ಹೇಳಿಕೆಯ ತಾರೀಖು ನೋಡಿ ಖಾತ್ರಿ ಮಾಡಿಕೊಂಡ ಮೇಲೆಯೇ ನಾವು ಅರ್ಜಿ ಹಾಕಿದ್ದು.

ನಡುವಿನ ತೆರಪೂ ಅಪಾಯದ್ದೇ. ದಾವೆ ಹೋದರೆ ಅದರೊಳಗಿನ ತಾತ್ಕಾಲಿಕ ಇಂಜಂಕ್ಷನ್ ಕೂಡ ಹೋಗುತ್ತದೆ. ಆ ತೆರಪಿನಲ್ಲಿ ಎದುರಾಳಿ ಬೇಲಿ ಹಾಕಬಹುದು, ಜಮೀನನ್ನು ಮೂರನೆಯವರಿಗೆ ಬರೆದುಕೊಡಬಹುದು, ಕೇವಿಯಟ್ ಹಾಕಿ ಕಾಯಬಹುದು. ಆದ್ದರಿಂದ ಹೊಸ ವಾದಪತ್ರ, ಹೊಸ ನಕ್ಷೆ, ಕೋರ್ಟು ಫೀ ಎಲ್ಲ ಸಿದ್ಧವಾದ ಮೇಲೆಯೇ ಹಳೆಯದನ್ನು ಬಿಡಬೇಕು. ಹಳೆಯ ದಾವೆಯಲ್ಲಿ ಹಾಜರುಪಡಿಸಿದ ಮೂಲ ದಾಖಲೆಗಳನ್ನು ಅರ್ಜಿ ಕೊಟ್ಟು ವಾಪಸ್ ಪಡೆಯಬೇಕು. ಅಲ್ಲಿ ಪ್ರಮಾಣ ಮಾಡಿ ಹೇಳಿದ ಮಾತುಗಳು ಮಾತ್ರ ದಾವೆಯ ಜೊತೆ ಅಳಿಯುವುದಿಲ್ಲ. ನಾಳೆ ಬೇರೆ ಮಾತಾಡಿದರೆ ಎದುರಾಳಿ ಅದೇ ಕಾಗದವನ್ನು ತೆಗೆದು ಮುಂದಿಡುತ್ತಾನೆ. ದಾವೆಯಿಂದ ಹಿಂದೆ ಸರಿಯಬಹುದು. ಆಡಿದ ಮಾತಿನಿಂದ ಸರಿಯಲಾಗದು. ಇದೂ ನ್ಯಾಯವೇ ಎಂದು ನನಗನ್ನಿಸುತ್ತದೆ.

ಯಜಮಾನರ ಹೊಸ ದಾವೆ ಈಗ ನಡೆಯುತ್ತಿದೆ. ಆ ಕ್ರಯಪತ್ರ ನಿಜವೋ ಸುಳ್ಳೋ ಎಂಬುದನ್ನು ನ್ಯಾಯಾಲಯ ಇನ್ನು ತೀರ್ಮಾನಿಸಬೇಕು. ಅನುಮತಿ ಸಿಕ್ಕಿತೆಂದರೆ ಅವರ ಹಕ್ಕು ಸಾಬೀತಾಯಿತೆಂದಲ್ಲ. ಆದರೆ ಈ ಸಲ ತೀರ್ಪು ಯಾವ ಕಡೆಗೆ ಬಂದರೂ, ಅದು ಅವರು ನಿಜವಾಗಿ ಕೇಳಬೇಕೆಂದಿದ್ದ ಪ್ರಶ್ನೆಗೆ ಬಂದ ಉತ್ತರವಾಗಿರುತ್ತದೆ. ಹಳೆಯ ದಾವೆಯಲ್ಲಿ ಸೋತಿದ್ದರೆ ಅವರಿಗೆ ಉಳಿಯುತ್ತಿದ್ದದ್ದು, ಸರ್ವೆ ನಂಬರ್ ತಪ್ಪಾಗಿ ಸೋತೆನೇ, ನನ್ನ ಮಾತೇ ಸುಳ್ಳಾಗಿತ್ತೇ ಎಂಬ ಗೊಂದಲ. ಮನುಷ್ಯನನ್ನು ಜೀವಮಾನವಿಡೀ ಕೊರೆಯುವುದು ಅಂಥ ಗೊಂದಲ.

ಹಿಂದೆ ಸರಿಯಬೇಕೆಂದು ಬರುವವರಿಗೆ ನಾನು ಈಗ ಮೂರು ಪ್ರಶ್ನೆಗಳನ್ನು ಕಾಗದದ ಮೇಲೆ ಬರೆದು ಕೊಡುತ್ತೇನೆ. ಏನನ್ನು ಬಿಡುತ್ತಿದ್ದೀರಿ? ಏನನ್ನು ಉಳಿಸಿಕೊಳ್ಳುತ್ತಿದ್ದೀರಿ? ಎದುರಿನವರಿಗೆ ಇದಕ್ಕಾಗಿ ಏನು ಕೊಡಬೇಕು? ಮೂರಕ್ಕೂ ಒಂದೊಂದು ನೇರ ವಾಕ್ಯದ ಉತ್ತರ ಬರುವವರೆಗೆ ಅರ್ಜಿ ಬರೆಯುವುದಿಲ್ಲ. ಉತ್ತರ ಬಂದಮೇಲೆ ಅರ್ಜಿ ಬರೆಯುವುದು ಸುಲಭದ ಕೆಲಸ. ಅದರಲ್ಲಿ ಇರಬೇಕಾದ್ದೆಲ್ಲ ಆ ಮೂರು ವಾಕ್ಯಗಳಲ್ಲೇ ಇರುತ್ತದೆ.